ಹನ್ನೊಂದನೆಯ ಸಾಲು

ಹನ್ನೊಂದನೆಯ ಸಾಲಿನಲ್ಲಿ ಗಂಡನ ಹೆಸರಿತ್ತು. ಹೆಸರಿನ ಮೇಲೆ ಎಡದಿಂದ ಬಲಕ್ಕೆ, ಅಳತೆಪಟ್ಟಿ ಇಟ್ಟು ಎಳೆದಷ್ಟು ನೇರವಾಗಿ, ಒಂದು ಗೆರೆ ಇತ್ತು.

ಪರೀಕ್ಷಕಿ ಟೇಪಿನ ಪೆಟ್ಟಿಗೆಯಲ್ಲಿದ್ದ ಕಾಗದವನ್ನು ಕಿಟಕಿಯ ಬೆಳಕಿಗೆ ಹಿಡಿದಳು. ಗೆರೆಯನ್ನು ಆಮೇಲೆ ಯಾರಾದರೂ ಎಳೆದಿರಬಹುದೇ ಎಂದು ನೋಡಿದಳು. ಇಲ್ಲ, ಹೆಸರು ಬರೆದ ನೀಲಿ ಶಾಯಿಯೇ ಗೆರೆಯದೂ, ಎರಡೂ ಒಂದೇ ಸಮನಾಗಿ ಮಾಸಿದ್ದವು. ಗೆರೆಯ ತುದಿಯಲ್ಲಿ ತಮಿಳಿನಲ್ಲಿ ಒಂದು ಪದವಿತ್ತು. ಟೇಪು ಓಡಿಸುವ ಟೇಪಣ್ಣ ಅವಳ ಹೆಗಲ ಹಿಂದಿನಿಂದ ಬಗ್ಗಿ ಓದಿ, ಬೇಡ ಎಂದು ಬರೆದಿದ್ದಾರೆ ಎಂದ. ಎಂಟು ಸಾಲು ಕೆಳಗೆ, ಹತ್ತೊಂಬತ್ತನೆಯದರಲ್ಲಿ, ಇಂಗ್ಲಿಷಿನಲ್ಲಿ 'ಒಂಟಿ ಪಿಟೀಲು, ಹೊಸದು' ಎಂದಿತ್ತು. ಮೊದಲನೆಯದಕ್ಕಿಂತ ಒಂಬತ್ತು ದಿನ ಆಮೇಲಿನ ತಾರೀಕು. ಅವಳು ಎಂದೂ ಕೇಳಿರದ ಇನ್ನೊಬ್ಬನ ಹೆಸರು. ಆ ಹೆಸರಿನ ಸುತ್ತ ಕೆಂಪು ಸೀಸದಕಡ್ಡಿಯ ವೃತ್ತ. ವೃತ್ತವಿದ್ದರೆ ಆ ಸಾಲು ಹಾಡಿಗೆ ಸೇರಿತೆಂದು ಅರ್ಥ. ಇದನ್ನು ಯಾರೂ ಅವಳಿಗೆ ಹೇಳಿಕೊಡಬೇಕಾಗಿರಲಿಲ್ಲ.

ಹಳೆಯ ಸಿನಿಮಾ ಹಾಡುಗಳನ್ನು ಮತ್ತೆ ಕಪ್ಪು ತಟ್ಟೆಗಳಾಗಿ ಅಚ್ಚು ಹಾಕಿ ಮಾರುವುದು ಆ ಸಂಸ್ಥೆಯ ಕಸುಬು. ಜನ ಒಮ್ಮೆ ಎಸೆದದ್ದನ್ನೇ ಇಪ್ಪತ್ತೈದು ವರ್ಷ ಬಿಟ್ಟು ನಾಲ್ಕು ಪಟ್ಟು ಬೆಲೆಗೆ ಕೊಳ್ಳುತ್ತಾರೆಂಬ ನಂಬಿಕೆಯ ಮೇಲೆ ಅದು ನಿಂತಿತ್ತು. ನಂಬಿಕೆ ಇದುವರೆಗೂ ಸುಳ್ಳಾಗಿರಲಿಲ್ಲ. ಮೇಲಿನ ಮಹಡಿಯಲ್ಲಿ ಮೂಲ ಟೇಪುಗಳನ್ನು ಓಡಿಸುವ ಕೋಣೆ. ಕೆಳಗೆ ಅಚ್ಚಿನ ಯಂತ್ರಗಳು. ನಡುವೆ, ಮೆಟ್ಟಿಲ ತಿರುವಿನಲ್ಲಿ, ಪರೀಕ್ಷಕಿಯ ಕೋಣೆ. ಪ್ರತಿಯೊಂದರ ಮೊದಲ ಅಚ್ಚನ್ನು ಆರಂಭದಿಂದ ಕೊನೆಯವರೆಗೆ ಕೇಳಿ, ಚಟಪಟ ಸದ್ದು, ಗುಂಯ್‌ಗುಡುವಿಕೆ, ಸೂಜಿಯ ಜಿಗಿತ ಇವನ್ನು ನಿಮಿಷ ಸೆಕೆಂಡುಗಳ ಸಮೇತ ಬರೆದಿಡುವುದು ಅವಳ ಕೆಲಸ. ಭೌತಶಾಸ್ತ್ರದಲ್ಲಿ ಪದವಿ ಪಡೆದವಳು. ಹದಿನಾಲ್ಕು ವರ್ಷಗಳಲ್ಲಿ ಪ್ರೇಮಗೀತೆಗಳ ಒಂಬೈನೂರಕ್ಕೂ ಹೆಚ್ಚು ತಟ್ಟೆಗಳನ್ನು ಹೀಗೆ ಕೇಳಿದ್ದಳು. ಒಂದರಲ್ಲೂ ಪ್ರೇಮವನ್ನು ಕೇಳಿರಲಿಲ್ಲ. ಅದಕ್ಕೆ ನಮೂನೆಯಲ್ಲಿ ಕಾಲಂ ಇರಲಿಲ್ಲ.

ಈ ಸಲ ಬಂದದ್ದು ಇಪ್ಪತ್ತಾರು ವರ್ಷದ ಹಿಂದಿನ ತಮಿಳು ಪ್ರೇಮಚಿತ್ರವೊಂದರ ಹಾಡುಗಳು. ಚಿತ್ರ ಮೂರು ವಾರ ಓಡಿ ನಿಂತಿತ್ತು. ಹವಾಮಾನ ಇಲಾಖೆಯ ನೌಕರನೊಬ್ಬ ದಿನಕ್ಕೆರಡು ಸಲ ಬಲೂನು ಹಾರಿಸುತ್ತಾನೆ. ಒಂದು ಬಲೂನು ಹೋಗಿ ಬಿದ್ದ ಮನೆಯ ಹುಡುಗಿಯನ್ನು ಪ್ರೀತಿಸುತ್ತಾನೆ. ಇಬ್ಬರೂ ಒಟ್ಟು ನಾಲ್ಕು ಸಲ ಭೇಟಿಯಾಗುತ್ತಾರೆ, ಏಳು ಹಾಡು ಹಾಡುತ್ತಾರೆ. ಏಳನೆಯದು ಮೂರನೆಯದೇ: ಅದೇ ಮಟ್ಟು, ನಿಧಾನವಾಗಿ, ಅಳುತ್ತಾ. ಹೊಸ ಮಟ್ಟು ಹಾಕುವ ಶ್ರಮ ಉಳಿಸಿಕೊಂಡದ್ದನ್ನು ಆ ಕಾಲದ ಪತ್ರಿಕೆಗಳು ಧೈರ್ಯವೆಂದು ಕರೆದಿದ್ದವು. ಚಿತ್ರ ಸತ್ತಿತು, ಹಾಡುಗಳು ಉಳಿದವು. ಮೂರನೆಯದಂತೂ ಮದುವೆ ಮನೆಗಳಲ್ಲಿ, ಬಸ್ಸುಗಳಲ್ಲಿ, ಕ್ಷೌರದಂಗಡಿಗಳಲ್ಲಿ ಹತ್ತು ವರ್ಷ ಜನರ ಕಿವಿಗೆ ಜೋತುಬಿದ್ದಿತ್ತು.

ಆ ಹಾಡಿನ ಪಲ್ಲವಿಯಲ್ಲಿ ನಾಯಕ, ನಿನ್ನ ನೆರಳಿಗೂ ಬಿಸಿಲು ತಾಗದಂತೆ ಕೊಡೆ ಹಿಡಿಯುತ್ತೇನೆ ಎನ್ನುತ್ತಾನೆ. ಕಾಲೇಜಿನಲ್ಲಿದ್ದಾಗ ಅವಳಿಗೆ ತಮಿಳು ಒಂದಕ್ಷರವೂ ತಿಳಿಯುತ್ತಿರಲಿಲ್ಲ. ಅರ್ಥವಾಗದೆಯೇ ಕ್ಯಾಸೆಟ್ಟು ಸವೆಯುವಷ್ಟು ಕೇಳಿದ್ದಳು. ಅರ್ಥವನ್ನು ಬಹಳ ಕಾಲದ ಮೇಲೆ ಯಾರೋ ಹೇಳಿದರು. ಕೊಡೆ ಹಿಡಿದರೆ ಆ ನೆರಳೇ ಇರುವುದಿಲ್ಲವಲ್ಲ ಎಂದು ಅವಳಿಗೆ ಆಗಲೇ ಹೊಳೆದದ್ದು. ಅಷ್ಟರಲ್ಲಿ ಮದುವೆಯಾಗಿ ಎರಡು ವರ್ಷವಾಗಿತ್ತು.

ಮದುವೆಗೂ ಆ ಹಾಡೇ ಕಾರಣ. ಎರಡನೆಯ ಚರಣಕ್ಕೆ ಮುಂಚೆ ಮಿಕ್ಕ ವಾದ್ಯಗಳೆಲ್ಲ ಸುಮ್ಮನಾಗಿ ಪಿಟೀಲೊಂದೇ ಇಪ್ಪತ್ತನಾಲ್ಕು ಸೆಕೆಂಡು ನುಡಿಯುತ್ತದೆ. ಸೋದರಮಾವನ ಮನೆಗೆ ಒಮ್ಮೆ ಹೋದಾಗ ಅಲ್ಲಿ ತೆಳ್ಳಗಿನ ಯುವಕನೊಬ್ಬ ಕುಳಿತಿದ್ದ. ಆ ಹಾಡಿನ ಪಿಟೀಲು ಇವನದೇ ಎಂದು ಮಾವ ಪರಿಚಯಿಸಿದರು. ಅವಳಿಗೆ ಆಗ ಇಪ್ಪತ್ಮೂರು. ಪದವಿಯಲ್ಲಿ ಚಿನ್ನದ ಪದಕಕ್ಕೆ ಮೂರು ಅಂಕ ಕಡಿಮೆ ಬಿದ್ದಿತ್ತು. ಸಂಶೋಧನೆಗೆ ಅರ್ಜಿ ತುಂಬಿಟ್ಟಿದ್ದಳು. ಅರ್ಜಿಯನ್ನು ಕಳಿಸಲಿಲ್ಲ. ಇಪ್ಪತ್ತನಾಲ್ಕು ಸೆಕೆಂಡುಗಳ ಆಧಾರದ ಮೇಲೆ ಇಪ್ಪತ್ತನಾಲ್ಕು ವರ್ಷಗಳ ತೀರ್ಮಾನ ಕೈಗೊಂಡವಳನ್ನು ಈಗ ತನ್ನ ಕೈಕೆಳಗೆ ಕೆಲಸಕ್ಕೆ ಯಾರಾದರೂ ಕಳಿಸಿದ್ದರೆ ಮೊದಲ ವಾರವೇ ಹಿಂದಕ್ಕೆ ಕಳಿಸುತ್ತಿದ್ದಳು.

ಆ ಯುವಕ ಈಗ ಪಿಟೀಲು ಮೇಷ್ಟ್ರು. ಆ ಹಾಡಿನ ನಂತರ ಸಿನಿಮಾದವರು ಅವನನ್ನು ಒಂಟಿಯಾಗಿ ನುಡಿಸಲು ಮತ್ತೆ ಕರೆಯಲಿಲ್ಲ. ಆ ಚಿತ್ರದ ಮಿಕ್ಕ ಹಾಡುಗಳಿಗೆ ಕೂತಿದ್ದಂತೆಯೇ ಹನ್ನೆರಡು ಜನರ ಸಾಲಿನಲ್ಲಿ ಏಳನೆಯವನಾಗಿ ಕೆಲವು ವರ್ಷ ಕೂತೆದ್ದು, ಆಮೇಲೆ ಒಂದು ಸಂಗೀತಶಾಲೆ ಸೇರಿದ. ಕರೆಯದಿದ್ದುದಕ್ಕೆ ಅವನ ಬಳಿ ವಿವರಣೆಯಿತ್ತು: ತನ್ನ ಮಟ್ಟಕ್ಕೆ ತಕ್ಕ ಹಾಡು ಆಮೇಲೆ ಹುಟ್ಟಲಿಲ್ಲ. ಟೀವಿಯಲ್ಲಿ ಯಾರೇ ಪಿಟೀಲು ಹಿಡಿದರೂ, ಮರ ಕುಯ್ಯುತ್ತಾನೆ ಎನ್ನುತ್ತಿದ್ದ. ಅವನ ಪ್ರಕಾರ ದೇಶದಲ್ಲಿ ಮರ ಕುಯ್ಯದವರು ಇಬ್ಬರೇ, ಒಬ್ಬರು ತೀರಿಕೊಂಡಿದ್ದರು.

ಈ ತಟ್ಟೆಯ ಹೊದಿಕೆಯ ಹಿಂಬದಿಯಲ್ಲಿ ವಾದ್ಯಗಾರರ ಹೆಸರುಗಳನ್ನು ಮೊದಲ ಬಾರಿಗೆ ಅಚ್ಚು ಹಾಕಿಸಬೇಕೆಂದು ಸಂಸ್ಥೆ ತೀರ್ಮಾನಿಸಿತ್ತು. ಟೇಪಿನ ಪೆಟ್ಟಿಗೆಯಲ್ಲಿರುವ ಕಾಗದಗಳಿಂದ ಹೆಸರುಗಳನ್ನು ಎತ್ತಿ ಕರಡಚ್ಚಿನ ಖಾಲಿ ಜಾಗಗಳಲ್ಲಿ ತುಂಬಬೇಕಾದವಳು ಪರೀಕ್ಷಕಿ. ಕರಡಚ್ಚು ಮರುದಿನ ಬೆಳಿಗ್ಗೆ ಹತ್ತಕ್ಕೆ ಮುದ್ರಣಾಲಯ ಸೇರಬೇಕು. ಅವಳು ಬರೆದದ್ದನ್ನು ಇನ್ನೊಬ್ಬರು ತಿದ್ದುವ ಪದ್ಧತಿ ಇಲ್ಲ, ತಿದ್ದುವವಳೇ ಅವಳು. ಮನೆಯಲ್ಲಿ ಈ ಸುದ್ದಿ ಹೇಳಿ ಎರಡು ತಿಂಗಳಾಗಿತ್ತು. ನಾದಿನಿ ಆರು ತಟ್ಟೆ ಬೇಕೆಂದು ಹೇಳಿಟ್ಟಿದ್ದಳು. ಅವಳ ಮನೆಯಲ್ಲಿ ತಟ್ಟೆ ಓಡಿಸುವ ಯಂತ್ರವೇ ಇರಲಿಲ್ಲ. ಸಂಗೀತಶಾಲೆಯ ಪ್ರಾಂಶುಪಾಲರು ಸನ್ಮಾನ ಇಟ್ಟುಕೊಂಡು ಆಹ್ವಾನಪತ್ರಿಕೆಯನ್ನೂ ಅಚ್ಚು ಹಾಕಿಸಿದ್ದರು. 'ಹಾಡಿಗೆ ಜೀವ ತುಂಬಿದ ಬೆರಳುಗಳಿಗೆ ನಮನ' ಎಂಬ ತಲೆಬರಹವನ್ನು ಮೇಷ್ಟ್ರೇ ಸೂಚಿಸಿದ್ದ, ಸಂಕೋಚದಿಂದ.

"ಹತ್ತೊಂಬತ್ತನ್ನ ಹಾಕಿ," ಎಂದಳು ಪರೀಕ್ಷಕಿ.

ಟೇಪಣ್ಣ ಟೇಪನ್ನು ಹಿಂದಿನ ದಿನವಷ್ಟೇ ಬೇಯಿಸಿ ಮುಗಿಸಿದ್ದ. ಹಳೆಯ ಟೇಪು ಅಂಟಂಟಾಗಿರುತ್ತದೆ. ಹಾಗೇ ಓಡಿಸಿದರೆ ಮೇಲಿನ ಪದರ ಕಿತ್ತು ಬರುತ್ತದೆ. ಆದ್ದರಿಂದ ಐವತ್ನಾಲ್ಕು ಡಿಗ್ರಿಯ ಒಲೆಯಲ್ಲಿ ಎಂಟು ಗಂಟೆ ಇಟ್ಟು ಒಣಗಿಸಬೇಕು. ತನ್ನ ಹೆಂಡತಿ ಮನೆಯಲ್ಲಿ ಬೇಯಿಸಿದ್ದಕ್ಕಿಂತ ತಾನು ಇಲ್ಲಿ ಬೇಯಿಸಿದ್ದೇ ಹೆಚ್ಚು ಎಂದು ಅವನು ಹೊಸಬರಿಗೆಲ್ಲ ಹೇಳುತ್ತಿದ್ದ. ಎರಡು ಅಂಗುಲ ಅಗಲದ ಟೇಪಿನಲ್ಲಿ ಇಪ್ಪತ್ತನಾಲ್ಕು ಸಾಲುಗಳು, ಒಂದೊಂದರಲ್ಲಿ ಒಂದೊಂದು ವಾದ್ಯ. ಉಳಿದ ಇಪ್ಪತ್ಮೂರರ ಬಾಯಿ ಮುಚ್ಚಿಸಿ ಬೇಕಾದ ಒಂದನ್ನು ಮಾತ್ರ ಕೇಳಬಹುದು.

ಹತ್ತೊಂಬತ್ತನೆಯದು ಕಿವಿಗೆ ಬಿತ್ತು. ಇಪ್ಪತ್ತಾರು ವರ್ಷದಿಂದ ಜಗತ್ತಿಗೆಲ್ಲ ಗೊತ್ತಿದ್ದದ್ದೇ: ನುಣುಪು, ಖಚಿತ, ಎರಡನೆಯ ತಿರುವಿನಲ್ಲಿ ಮೇಲಿನ ಸ್ವರದಿಂದ ಕೆಳಕ್ಕೆ ಎಣ್ಣೆಯ ಮೇಲೆ ಇಳಿದಂತೆ ಆ ಜಾರು. ಆ ಜಾರನ್ನು ಮೇಷ್ಟ್ರು 'ನನ್ನ ಜಾರು' ಎಂದು ಕರೆಯುತ್ತಿದ್ದ. ಶಿಷ್ಯರಿಗೆ ಅದನ್ನು ಕಲಿಸಲು ಮೂರನೆಯ ವರ್ಷದವರೆಗೆ ಕಾಯಿಸುತ್ತಿದ್ದ.

ಆಮೇಲೆ ಹನ್ನೊಂದನೆಯದು. ಪರೀಕ್ಷಕಿ ಎಂದಿನಂತೆ ನಿಲ್ಲುಗಡಿಯಾರವನ್ನು ಕೈಯಲ್ಲಿ ಹಿಡಿದಳು. ಅದೇ ಮಟ್ಟು, ಅದೇ ಸ್ವರಗಳು. ಆದರೆ ಮೊದಲ ಸ್ವರ ಒಂದು ಕೂದಲೆಳೆ ತಡವಾಗಿ ಬಂತು, ಬಾಗಿಲಲ್ಲಿ ನಿಂತು ಒಳಗೆ ಬರಲೇ ಎಂದು ಕೇಳುವವರ ಹಾಗೆ. ಜಾರು ಇರಲಿಲ್ಲ. ಅದರ ಜಾಗದಲ್ಲಿ ಎರಡು ಸ್ವರಗಳು ಬೇರೆ ಬೇರೆಯಾಗಿ, ಒಂದರ ಪಕ್ಕ ಒಂದು ಇದ್ದವು. ನಡುವೆ ಬಿಲ್ಲು ನಡುಗಿತು. ಕೊನೆಯ ಸ್ವರವನ್ನು ನುಡಿಸಿದವನು ಎಳೆಯಲಿಲ್ಲ, ಬಿಟ್ಟುಬಿಟ್ಟ. ದೋಷವೆಂದು ಬರೆಯಬಹುದಾದದ್ದು ಆ ನಡುಕ ಒಂದೇ. ಅವಳು ಹೆಡ್‌ಫೋನನ್ನು ತೆಗೆದು ಮೇಜಿನ ಮೇಲಿಟ್ಟಳು. ನಿಲ್ಲುಗಡಿಯಾರ ಸೊನ್ನೆಯಲ್ಲೇ ಇತ್ತು, ಒತ್ತಲು ಮರೆತಿದ್ದಳು. ಹದಿನಾಲ್ಕು ವರ್ಷದಲ್ಲಿ ಇದು ಮೊದಲ ಸಲ, ಮತ್ತು ಈ ವಿಷಯ ಅವಳಿಗೆ ಇಷ್ಟವಾಗಲಿಲ್ಲ.

ಟೇಪಣ್ಣನಿಗೆ ಮೇಷ್ಟ್ರ ಪರಿಚಯವಿತ್ತು. ಅವನು ಬಹಳ ಹೊತ್ತು ಯಂತ್ರದ ಗುಂಡಿಗಳನ್ನು ಬಟ್ಟೆಯಿಂದ ಒರೆಸಿದ.

"ಮೇಡಂ, ಖಾಲಿ ಜಾಗದಲ್ಲಿ ನೀವೇನ್ ಬರೀತೀರೋ ಅದೇ ಅಚ್ಚಾಗುತ್ತೆ," ಎಂದ ಕೊನೆಗೆ. "ನಾನಂತೂ ಏನೂ ಓದಿಲ್ಲ. ಕನ್ನಡಕ ಮನೇಲೇ ಬಿಟ್ಬಂದಿದೀನಿ."

ಕನ್ನಡಕ ಅವನ ಮೂಗಿನ ಮೇಲೇ ಇತ್ತು.

ಆ ಇನ್ನೊಬ್ಬ ಬದುಕಿದ್ದಾನೆಯೇ ಎಂದು ಅವಳು ಕೇಳಿದಳು. ಟೇಪಣ್ಣನಿಗೆ ತಿಳಿಯದು. ಮೊದಲನೆಯದನ್ನು ಏಕೆ ಬೇಡವೆಂದರು ಎಂದು ಕೇಳಿದಳು. ಯಾರಿಗೆ ಏನು ಇಷ್ಟವಾಗಲಿಲ್ಲವೋ. ನಾಯಕನ ತಲೆಗೂದಲು ಹಾರುವ ವೇಗಕ್ಕೆ ಹೊಂದಲಿಲ್ಲವೆಂದು ಬದಲಿಸಿದ್ದನ್ನೂ ತಾನು ನೋಡಿದ್ದೇನೆ ಎಂದ ಅವನು. ಅವಳು ತನ್ನ ಜೇಬಿನ ಗಾತ್ರದ ಧ್ವನಿಯಂತ್ರವನ್ನು ಕೊಟ್ಟು, ಹನ್ನೊಂದನೆಯ ಸಾಲನ್ನು ಅದಕ್ಕೆ ತುಂಬಿಕೊಡಲು ಹೇಳಿದಳು. ಪಿಟೀಲು ನುಡಿದಷ್ಟು ಮಾತ್ರ ಸಾಕೇ ಎಂದು ಅವನು ಕೇಳಿದ್ದಕ್ಕೆ, ಸಾಲನ್ನು ಕತ್ತರಿಸಬೇಡಿ, ಇದ್ದಷ್ಟನ್ನೂ ತುಂಬಿ ಎಂದಳು. ಕತ್ತರಿಸಿದ್ದನ್ನು ಅವಳು ಸಾಕ್ಷ್ಯವೆಂದು ಒಪ್ಪುತ್ತಿರಲಿಲ್ಲ.

ಮನೆಗೆ ಹೋಗುವ ಬಸ್ಸಿನಲ್ಲಿ ಕುಳಿತು ಇರುವ ದಾರಿಗಳನ್ನು ಎಣಿಸಿದಳು. ಒಂದು, ಗಂಡನ ಹೆಸರು ಬರೆದು ಸುಮ್ಮನಿರುವುದು. ಎರಡು, ನಿಜವಾದ ಹೆಸರು ಬರೆದು, ತಟ್ಟೆ ಬಂದ ದಿನ ಅವನೇ ಓದಿಕೊಳ್ಳಲಿ ಎಂದು ಬಿಡುವುದು. ಮೂರು, ಇವತ್ತೇ ಹೇಳುವುದು. ಮೊದಲನೆಯದನ್ನು ಎಣಿಕೆ ಪೂರ್ತಿಯಾಗಲೆಂದು ಸೇರಿಸಿದ್ದಷ್ಟೇ ಎಂದುಕೊಂಡಳು. ಆದರೂ ಎರಡು ನಿಲ್ದಾಣಗಳ ತನಕ ಅದರ ಬಗ್ಗೆಯೇ ಯೋಚಿಸಿದಳು. ಸನ್ಮಾನದ ವೇದಿಕೆ ಕಣ್ಣಿಗೆ ಬಂತು, ಹಾರದ ಭಾರಕ್ಕೆ ಬಾಗಿದಂತೆ ನಟಿಸುವ ಅವನ ಕುತ್ತಿಗೆ ಬಂತು. ಆಮೇಲೆ ಇನ್ನೊಂದು ಲೆಕ್ಕ ತಾನಾಗಿ ಬಂತು: ತಾನು ಒಲಿದದ್ದು ಹತ್ತೊಂಬತ್ತನೆಯ ಸಾಲಿಗೆ, ಮದುವೆಯಾದದ್ದು ಹನ್ನೊಂದನೆಯದನ್ನು. ಪಕ್ಕದಲ್ಲಿ ಕೂತಿದ್ದ ಹೆಂಗಸು ತಿರುಗಿ ನೋಡಿದಾಗಲೇ ತಾನು ಸದ್ದು ಮಾಡಿ ನಕ್ಕದ್ದು ಅವಳಿಗೆ ತಿಳಿದದ್ದು.

ಮೂರನೆಯ ದಾರಿಯನ್ನೇ ಆರಿಸಿದಳು. ಆದರೆ ತಾನು ಬಾಯಿಬಿಟ್ಟು ಹೇಳುವುದಲ್ಲ. ಮೊದಲು ಕೇಳಿಸುವುದು. ಕೇಳಿದರೆ ಅವನಿಗೆ ತನ್ನ ಕೈಯ ಗುರುತು ಸಿಕ್ಕೇ ಸಿಗುತ್ತದೆ; ಆಮೇಲೆ ಮಾತು ಹೆಚ್ಚು ಬೇಕಾಗುವುದಿಲ್ಲ. ಅವನನ್ನು ಎಷ್ಟು ಕೀಳಾಗಿ ಕಂಡರೂ ಅವನು ಪಿಟೀಲುಗಾರನೇ ಎಂಬುದರಲ್ಲಿ ಅವಳಿಗೆ ಇಷ್ಟು ವರ್ಷ ಸಂದೇಹವಿರಲಿಲ್ಲ.

ಅವಳು ಬಾಗಿಲು ತೆರೆದಾಗ ಮೇಷ್ಟ್ರು ಸಂಜೆಯ ಪಾಠ ಮುಗಿಸುತ್ತಿದ್ದ. ಶಿಷ್ಯ ಒಬ್ಬ ದಂತವೈದ್ಯ, ನಲವತ್ತು ದಾಟಿದವನು. ದಿನವಿಡೀ ಇನ್ನೊಬ್ಬರಿಗೆ ಬಾಯಿ ತೆರೆಯಿರಿ ಎನ್ನುವವನು ಇಲ್ಲಿ ಬಾಯಿ ಮುಚ್ಚಿಕೊಂಡು ಬೈಸಿಕೊಳ್ಳುತ್ತಿದ್ದ. ಅವನ ಜಾರು ಜಾರೇ ಅಲ್ಲ, ಮೆಟ್ಟಿಲಿನಿಂದ ಮೂಟೆ ಉರುಳಿದ ಹಾಗಿದೆ ಎಂದು ಮೇಷ್ಟ್ರು ಹೇಳಿದ. ದಂತವೈದ್ಯ ಕೃತಜ್ಞತೆಯಿಂದ ತಲೆಯಾಡಿಸಿ, ಪೆಟ್ಟಿಗೆ ಮುಚ್ಚಿಕೊಂಡು ಹೊರಟ. ಹೊರಡುವಾಗ, ತಟ್ಟೆ ಯಾವಾಗ ಬರುತ್ತದೆ ಮೇಡಂ, ತನ್ನ ಚಿಕಿತ್ಸಾಲಯದಲ್ಲಿ ಅದನ್ನೇ ಹಾಕಿಸಬೇಕೆಂದಿದ್ದೇನೆ ಎಂದ. ಹಲ್ಲು ಕೀಳುವಾಗ ಒಳ್ಳೆಯದು ಎಂದಳು ಪರೀಕ್ಷಕಿ.

ಅವಳು ಕೈಕಾಲು ತೊಳೆದು ಬಂದು, ಎರಡು ಲೋಟ ಕಾಫಿ ತಂದು, ಧ್ವನಿಯಂತ್ರವನ್ನು ಊಟದ ಮೇಜಿನ ನಡುವೆ ಇಟ್ಟಳು. ಕಿಟಕಿಯಲ್ಲಿ ಇನ್ನೂ ಬೆಳಕಿತ್ತು. ಎದುರು ಮನೆಯವರು ಒಣಗಿದ ಬಟ್ಟೆ ತೆಗೆಯುತ್ತಿದ್ದರು.

"ಒಂದು ಕೇಳ್ಸ್ತೀನಿ, ಕೂತ್ಕೊಳ್ಳಿ," ಎಂದಳು.

ಮೇಷ್ಟ್ರು ಕಣ್ಣು ಮುಚ್ಚಿಕೊಂಡ. ಸಂಗೀತ ಕೇಳುವಾಗ ಅವನು ಯಾವಾಗಲೂ ಕಣ್ಣು ಮುಚ್ಚಿಕೊಳ್ಳುತ್ತಿದ್ದ, ನೋಡುವವರಿದ್ದರೆ ಮಾತ್ರ. ಪಿಟೀಲು ಶುರುವಾಯಿತು. ಅವಳು ಅವನ ಮುಖವನ್ನೇ ನೋಡುತ್ತಿದ್ದಳು. ಮೂರನೆಯ ಸೆಕೆಂಡಿಗೆ ಹುಬ್ಬು ಮೇಲೇರಿತು. ಗೊತ್ತಾಯಿತು ಎಂದುಕೊಂಡಳು, ಅವಳ ಕೈ ತಾನಾಗಿ ಮೇಜಿನ ಅಂಚನ್ನು ಹಿಡಿಯಿತು. ಎಂಟನೆಯ ಸೆಕೆಂಡಿಗೆ ಅವನ ತುಟಿ ಒಂದು ಬದಿಗೆ ಸೊಟ್ಟಗಾಯಿತು. ಟೀವಿಯಲ್ಲಿ ಪಿಟೀಲುಗಾರರನ್ನು ನೋಡುವಾಗ ಆಗುತ್ತಿದ್ದದ್ದೂ ಅದೇ ಬದಿಗೆ.

"ಯಾರಿದು? ನನ್ನ ಹಾಡು ಕಾಪಿ ಹೊಡೆಯಕ್ಕೆ ಹೊರಟಿದಾನೆ," ಎಂದ ಕಣ್ಣು ಮುಚ್ಚಿಯೇ. "ಶುರು ಮಾಡಕ್ಕೇ ಧೈರ್ಯ ಇಲ್ಲ. ಜಾರು ಎಲ್ಲಿ? ಅಯ್ಯೋ, ಬಿಲ್ಲು ನೋಡು, ಚಳಿಜ್ವರ ಬಂದೋರ ಥರ ನಡುಗ್ತಿದೆ. ಇಂಥೋರ ಕೈಗೆಲ್ಲ ಪಿಟೀಲು ಯಾರ್ ಕೊಡ್ತಾರೆ?"

ಪರೀಕ್ಷಕಿ ಎಲ್ಲಕ್ಕೂ ಸಿದ್ಧಳಾಗಿದ್ದಳು, ಇದಕ್ಕಲ್ಲ.

"ವಯಸ್ಸು ಚಿಕ್ಕದಿರಬಹುದು," ಎಂದಳು.

"ಚಿಕ್ಕದಾದ್ರೆ? ನಾನೂ ಚಿಕ್ಕ ವಯಸ್ಸಲ್ಲೇ ತಾನೇ ಬಾರಿಸಿದ್ದು? ಹುಟ್ಟಿನಿಂದ ಬರಬೇಕು ಅದು. ಇವನಿಗೆ ಹೇಳು, ಬೇರೆ ಏನಾದ್ರೂ ಕೆಲಸ..."

ಪಿಟೀಲು ಮುಗಿದಿತ್ತು, ಯಂತ್ರ ಓಡುತ್ತಲೇ ಇತ್ತು. ಕಾರ್ಖಾನೆಯಲ್ಲಿ ಅವಳು ಸ್ವರ ನಿಂತೊಡನೆ ಹೆಡ್‌ಫೋನನ್ನು ತೆಗೆದುಬಿಟ್ಟಿದ್ದರಿಂದ ಮುಂದಿನದನ್ನು ಅವಳೂ ಕೇಳಿರಲಿಲ್ಲ. ಕುರ್ಚಿ ಕಿರುಗುಟ್ಟಿತು. ಯಾರೋ ಗಂಟಲು ಸರಿಪಡಿಸಿಕೊಂಡರು.

"ಸಾರ್," ಎಂದಿತು ಯಂತ್ರದೊಳಗಿನ ದನಿ. "ಇನ್ನೊಂದ್ಸಲ ಕೊಡ್ಲಾ ಸಾರ್? ಎರಡನೇ ತಿರುವಲ್ಲಿ ಬಿಲ್ಲು ನಡುಗ್ತು."

ದೂರದಿಂದ, ಗಾಜಿನಾಚೆಯಿಂದ, ಇನ್ನೊಂದು ದನಿ: "ಗೊತ್ತಾಗಲ್ಲ ಬಿಡಪ್ಪಾ. ಚೆನ್ನಾಗಿದೆ. ಊಟಕ್ಕೆ ಹೋಗು."

ಆಮೇಲೆ ಬರಿಯ ಸುಯ್‌ಗುಡುವ ಸದ್ದು. ಪರೀಕ್ಷಕಿ ಯಂತ್ರವನ್ನು ನಿಲ್ಲಿಸಿದಳು.

ಮೇಷ್ಟ್ರ ಕಣ್ಣು ತೆರೆದಿತ್ತು. ಪಿಟೀಲಿನಲ್ಲಿ ಸಿಗದ ಗುರುತು ದನಿಯಲ್ಲಿ ಸಿಕ್ಕಿತ್ತು. ಪ್ರಾಂಶುಪಾಲರ ಎದುರು ರಜೆ ಕೇಳುವಾಗ ಅವನು ಇಂದಿಗೂ ಬಳಸುತ್ತಿದ್ದದ್ದು ಅದೇ ದನಿ. ಅವಳು ವರದಿ ಓದುವವಳಂತೆ ಮೂರು ವಾಕ್ಯಗಳಲ್ಲಿ ವಿಷಯ ಹೇಳಿದಳು: ಇದು ಹನ್ನೊಂದನೆಯ ಸಾಲು, ಇದನ್ನು ಬೇಡವೆಂದು ಹೊಡೆದುಹಾಕಿದ್ದಾರೆ, ಒಂಬತ್ತು ದಿನದ ಮೇಲೆ ಬೇರೊಬ್ಬರು ಬಂದು ನುಡಿಸಿದ್ದು ಹತ್ತೊಂಬತ್ತನೆಯದರಲ್ಲಿದೆ, ಹಾಡಿನಲ್ಲಿರುವುದು ಅದೇ. ಟೇಪಿನವನು ಪೆಟ್ಟಿಗೆ ಅದಲು ಬದಲು ಮಾಡಿರಬೇಕು ಎಂದ ಮೇಷ್ಟ್ರು. ಅವಳು ಚೀಲದಿಂದ ಕಾಗದದ ನೆರಳಚ್ಚನ್ನು ತೆಗೆದು ಮುಂದಿಟ್ಟಳು. ಅವನು ಬಹಳ ಹೊತ್ತು ನೋಡಿದ. ಹೆಸರನ್ನಲ್ಲ, ತಾರೀಕನ್ನು.

"ಆವತ್ತು ನಾನು ಊರಲ್ಲೇ ಇದ್ದೆ," ಎಂದ. "ರೂಮಲ್ಲೇ ಇದ್ದೆ. ಕೆಳಗೇ ಅಂಗಡೀಲಿ ಫೋನಿತ್ತು. ಒಂದು ಫೋನ್ ಮಾಡಿದ್ರೆ ನಾನೇ ಬಂದು ಬಾರಿಸ್ತಿರ್ಲಿಲ್ವಾ?"

ಅವನು ಕಾಫಿಯನ್ನು ಒಂದು ಗುಟುಕು ಕುಡಿದು ಲೋಟವನ್ನು ಕೆಳಗಿಟ್ಟ. ಮುಖದ ಮೇಲೆ ಏನೋ ಒಂದು ನಿಧಾನವಾಗಿ ಮತ್ತೆ ಜೋಡಿಸಿಕೊಳ್ಳುತ್ತಿತ್ತು.

"ಚೆನ್ನಾಗಿದೆ ಅಂದ್ರು. ನೀನೂ ಕೇಳಿದೆ ತಾನೇ? ಅವರಾಗೇ ಅಂದ್ರು."

"ಕೇಳಿದೆ."

"ಆ ಇನ್ನೊಬ್ಬ ಇದಾನಾ?"

"ಗೊತ್ತಿಲ್ಲ."

"ಮತ್ತೇನು." ಅವನು ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡ. "ಬರೆಯೋಳು ನೀನು, ತಿದ್ದೋಳು ನೀನು. ನನ್ನ ಹೆಸರೇ ಬರಿ. ಕೇಳೋರ್ ಯಾರಿದಾರೆ? ಇಪ್ಪತ್ತಾರು ವರ್ಷದಿಂದ ಅದು ನಂದೇ. ಅವನಿಗೆ ನೆನಪೂ ಇರಲ್ಲ, ಇಂಥ ನೂರು ಬಾರಿಸಿರ್ತಾನೆ. ನಂಗೆ ಇದೊಂದೇ ಇರೋದು ಕಣೇ."

ಪರೀಕ್ಷಕಿ ಅವನನ್ನು ನೋಡಿದಳು. ಸುಳ್ಳು ಹೇಳಿದ್ದರೆ ಕ್ಷಮಿಸಬಹುದಿತ್ತು. ಸುಳ್ಳು ಹೇಳಬೇಕಾದರೆ ನಿಜ ಗೊತ್ತಿರಬೇಕು. ಅಷ್ಟರಮಟ್ಟಿಗೆ ಸುಳ್ಳುಗಾರನೂ ತಿಳಿದವನೇ. ಇವನು ಇಪ್ಪತ್ತಾರು ವರ್ಷ, ದಿನಕ್ಕೊಮ್ಮೆಯಾದರೂ, ಇನ್ನೊಬ್ಬನ ಕೈಯನ್ನು ಕೇಳಿ ತನ್ನದೆಂದು ತಲೆದೂಗಿದ್ದ. ಅದನ್ನೇ ಕಲಿತು, ಅದನ್ನೇ ಕಲಿಸಿ, ಈಗ ತನ್ನ ಕೈಯನ್ನೇ ಎದುರಿಗಿಟ್ಟರೆ ಯಾರಿದು ಎಂದಿದ್ದ. ಆ ಯಂತ್ರದೊಳಗಿನವನಿಗೆ ಬಿಲ್ಲು ಎಲ್ಲಿ ನಡುಗಿತೆಂದು ಗೊತ್ತಿತ್ತು, ಇನ್ನೊಂದು ಸಲ ಕೊಡಲೇ ಎಂದು ಕೇಳಿದ್ದ. ಸೋದರಮಾವನ ಮನೆಗೆ ಬಂದವನು ಅವನಾಗಿದ್ದನೇ, ಅಥವಾ ಅಷ್ಟರಲ್ಲೇ ಇವನಾಗಿದ್ದನೇ ಎಂಬುದನ್ನು ತಿಳಿಯುವ ವಿಧಾನ ಯಾವುದೂ ಅವಳಿಗೆ ತೋಚಲಿಲ್ಲ.

ತನ್ನ ಕೈಯ ಮೇಲೇ ಅವಳಿಗೆ ಅನುಮಾನವೆಂದು ಮೇಷ್ಟ್ರು ಅರ್ಥ ಮಾಡಿಕೊಂಡ. ಎದ್ದು ಹೋಗಿ ಪಿಟೀಲು ತಂದ. ನಾನು ಬಾರಿಸಬಲ್ಲೆ, ಅವನಿಗಿಂತ ಚೆನ್ನಾಗಿ ಬಾರಿಸಬಲ್ಲೆ, ಬೇಕಾದರೆ ಎರಡನ್ನೂ ಪಕ್ಕಪಕ್ಕ ಇಟ್ಟು ಪರೀಕ್ಷೆ ಮಾಡಿಕೋ ಎಂದು ಹೇಳುತ್ತಾ ತಂತಿಗಳನ್ನು ಸರಿಮಾಡಿಕೊಂಡು ನುಡಿಸಿದ. ಇಪ್ಪತ್ತನಾಲ್ಕು ಸೆಕೆಂಡು, ಒಂದು ಸ್ವರವೂ ತಪ್ಪಲಿಲ್ಲ. ಎರಡನೆಯ ತಿರುವಿನಲ್ಲಿ ಬೆರಳು ಮೇಲಿನ ಸ್ವರದಿಂದ ಕೆಳಕ್ಕೆ ಎಣ್ಣೆಯ ಮೇಲೆ ಇಳಿದಂತೆ ಜಾರಿತು. ತಟ್ಟೆಯಲ್ಲಿರುವುದಕ್ಕೂ ಇದಕ್ಕೂ ವ್ಯತ್ಯಾಸವೆಂದು ಅವಳ ಕಿವಿಗೂ ಸಿಗಲಿಲ್ಲ. ಎದುರು ಮನೆಯವರು ಬಟ್ಟೆಯ ರಾಶಿಯನ್ನು ಎದೆಗೆ ಅಪ್ಪಿಕೊಂಡು ಕೇಳುತ್ತ ನಿಂತಿದ್ದರು.

"ಇದು ಅವರದು," ಎಂದಳು ಪರೀಕ್ಷಕಿ. "ನಿಮ್ಮದು ಬಾರಿಸಿ."

ಅವನು ನಗಲು ನೋಡಿದ. ಅದೆಷ್ಟು ಹೊತ್ತಿನ ಕೆಲಸ, ಅದ್ಯಾವ ದೊಡ್ಡ ವಿದ್ಯೆ ಎಂದ. ಪಿಟೀಲನ್ನು ಮತ್ತೆ ಗಲ್ಲಕ್ಕೆ ಒತ್ತಿಕೊಂಡ. ಮೊದಲ ಸ್ವರವನ್ನು ತಡಮಾಡಲು ಹೋದ, ತಡ ಬಹಳವಾಯಿತು. ಎರಡನೆಯ ತಿರುವು ಬಂತು. ಅಲ್ಲಿ ಎರಡು ಸ್ವರಗಳನ್ನು ಬಿಡಿಬಿಡಿಯಾಗಿ ಇಡಬೇಕಿತ್ತು, ಬೆರಳು ಜಾರಿಬಿಟ್ಟಿತು. ಅವನು ನಿಲ್ಲಿಸಿ, ಬೆರಳನ್ನು ಒಮ್ಮೆ ನೋಡಿ, ತಿರುವಿನ ಸ್ವಲ್ಪ ಹಿಂದಿನಿಂದ ಹಿಡಿದ. ಮತ್ತೆ ಜಾರಿತು. ಮೂರನೆಯ ಸಲ ಬೆರಳನ್ನು ಬಲವಂತವಾಗಿ ಎತ್ತಿ ಇಟ್ಟ. ಜಾರಲಿಲ್ಲ, ಆದರೆ ಸ್ವರ ತಪ್ಪಿತು. ದಂತವೈದ್ಯ ನುಡಿಸಿದರೂ ಅಷ್ಟು ತಪ್ಪುತ್ತಿರಲಿಲ್ಲ. ನಡುಕವನ್ನು ತರಿಸಲು ಮಣಿಕಟ್ಟನ್ನು ಅಲುಗಾಡಿಸಿ ನೋಡಿದ. ಅದು ನಡುಕದ ಅಣಕದಂತೆ ಕೇಳಿಸಿತು. ಅದು ಅವನಿಗೂ ತಿಳಿಯಿತು.

"ಇನ್ನೊಂದ್ಸಲ ಹಾಕು ಅದನ್ನ," ಎಂದ, ಅವಳ ಕಡೆ ನೋಡದೆ.

ಪರೀಕ್ಷಕಿ ಯಂತ್ರವನ್ನು ಮೊದಲಿಗೆ ತಂದು ಗುಂಡಿ ಒತ್ತಿದಳು. ಅದು ನುಡಿಯುತ್ತಿರುವಾಗ ಚೀಲದಿಂದ ಕರಡಚ್ಚನ್ನು ತೆಗೆದು ಮೇಜಿನ ಮೇಲೆ ಹರಡಿದಳು. 'ಒಂಟಿ ಪಿಟೀಲು' ಎಂಬುದರ ಮುಂದಿನ ಖಾಲಿ ಜಾಗದಲ್ಲಿ, ಕೆಂಪು ವೃತ್ತದೊಳಗಿದ್ದ ಹೆಸರನ್ನು ಅಕ್ಷರ ಅಕ್ಷರವಾಗಿ ಬಿಡಿಸಿ ಬರೆದಳು. ಬರೆದದ್ದನ್ನು ಮೂಲದೊಂದಿಗೆ ಎರಡು ಸಲ ಹೋಲಿಸಿ ನೋಡಿದಳು. ಕೆಳಗೆ, ಗುಂಪಿನ ಹನ್ನೆರಡು ಪಿಟೀಲುಗಾರರ ಪಟ್ಟಿಯಲ್ಲಿ, ಕಾಗದಗಳಲ್ಲಿದ್ದಂತೆ ಏಳನೆಯದಾಗಿ ಗಂಡನ ಹೆಸರನ್ನು ಬರೆದಳು, ಮಿಕ್ಕವರದಷ್ಟೇ ದಪ್ಪಕ್ಷರದಲ್ಲಿ. ಮೇಷ್ಟ್ರು ಒಮ್ಮೆ ತಲೆಯೆತ್ತಿ ಅವಳ ಪೆನ್ನಿನ ತುದಿಯನ್ನು ನೋಡಿದ. ಏನೋ ಹೇಳಲು ಬಾಯಿ ತೆರೆದ. ಅಷ್ಟರಲ್ಲಿ ಎರಡನೆಯ ತಿರುವು ಬಂತು, ಬಾಯಿ ಮುಚ್ಚಿ ಯಂತ್ರದ ಕಡೆ ಕಿವಿ ಬಗ್ಗಿಸಿದ.

ಮುಗಿದೊಡನೆ ಅವಳು ಕೇಳದೆಯೇ ಮತ್ತೆ ಮೊದಲಿಗೆ ತಂದಳು. ಕರಡಚ್ಚನ್ನು ಲಕೋಟೆಗೆ ಹಾಕಿ ಅಂಚನ್ನು ಒದ್ದೆ ಮಾಡಿ ಅಂಟಿಸಿದಳು. ಅವನು ಈಗ ಪಿಟೀಲನ್ನು ಗಲ್ಲದ ಕೆಳಗೆ ಇಟ್ಟುಕೊಂಡಿದ್ದ, ಕಣ್ಣು ತೆರೆದೇ ಇತ್ತು. ಯಂತ್ರದಲ್ಲಿ ಮೊದಲ ಸ್ವರ ಒಂದು ಕೂದಲೆಳೆ ತಡವಾಗಿ ಬಂತು. ಅವನು ಬಿಲ್ಲನ್ನು ಎತ್ತಿ, ತಂತಿಗೆ ತಾಗಿಸದೆ, ಅದರ ಮೇಲಿನ ಒಂದು ಬೆರಳಿನಷ್ಟು ಗಾಳಿಯಲ್ಲಿ, ಸದ್ದಿಲ್ಲದೆ ಎಳೆಯತೊಡಗಿದ.